ಮನೆಯಲ್ಲಿ ತೀರ್ಥ: ತರುವುದು, ಇಡುವುದು, ಬಳಸುವುದು

ಪಾಸ್ಖ ಜಾಗರಣೆಯ ರಾತ್ರಿ, ಅಂದರೆ ಈಸ್ಟರ್ ಹಬ್ಬದ ಹಿಂದಿನ ರಾತ್ರಿ, ಬಲಿಪೂಜೆ (ಮಾಸ್) ಮುಗಿಯುವ ಹೊತ್ತಿಗೆ ಬಳ್ಳಾರಿಯ ನಮ್ಮ ದೇವಾಲಯದ ಪಕ್ಕದ ಬಾಗಿಲಲ್ಲಿ, ಮುಚ್ಚಳವಿರುವ ದೊಡ್ಡ ಸ್ಟೀಲ್ ಡ್ರಮ್ಮಿನ ಮುಂದೆ, ಸಾಲು ಬೆಳೆದಿರುತ್ತದೆ. ಒಬ್ಬರ ಕೈಯಲ್ಲಿ ತಂಪು ಪಾನೀಯದ ಖಾಲಿ ಬಾಟಲಿ, ಇನ್ನೊಬ್ಬರ ಕೈಯಲ್ಲಿ ಔಷಧದ ಸೀಸೆ, ಹಳ್ಳಿಯಿಂದ ಟಂಟಂ ಮಾಡಿಕೊಂಡು ಬಂದವರ ಕೈಯಲ್ಲಿ ಇಡೀ ಓಣಿಗೆ ಸಾಕಾಗುವಷ್ಟು ದೊಡ್ಡ ಕ್ಯಾನು. ಆ ಡ್ರಮ್ಮಿನ ಪಕ್ಕ ಸೌಟು ಹಿಡಿದು ನಿಲ್ಲುವ ಕೆಲಸ ಹಲವು ವರ್ಷಗಳಿಂದ ನನ್ನದು. ತೀರ್ಥ, ಅಂದರೆ ಗುರುಗಳು (ಪಾದ್ರಿಗಳು) ಆಶೀರ್ವದಿಸಿದ ನೀರು, ಹಾಕಿಸಿಕೊಂಡವರು ಹೊರಡುವ ಮುನ್ನ ಕೇಳುವ ಪ್ರಶ್ನೆಗಳು ಪ್ರತಿ ವರ್ಷವೂ ಹೆಚ್ಚುಕಡಿಮೆ ಅವೇ: ಇದನ್ನು ಎಷ್ಟು ದಿನ ಇಡಬಹುದು, ಕುಡಿಯಬಹುದೇ, ಹಳೆಯದನ್ನು ಎಲ್ಲಿ ಚೆಲ್ಲಬೇಕು, ಗುರುಗಳು ಇಲ್ಲದಾಗ ನಾವೇ ಪ್ರೋಕ್ಷಿಸಬಹುದೇ. ಆ ನಡುರಾತ್ರಿಯ ಅವಸರದಲ್ಲಿ ಕೊಡಲಾಗದ ಉತ್ತರಗಳನ್ನು ಇಲ್ಲಿ ಸಾವಧಾನವಾಗಿ ಬರೆದಿದ್ದೇನೆ. 1949ರಲ್ಲಿ ಸ್ಥಾಪನೆಯಾದ ಬಳ್ಳಾರಿ ಧರ್ಮಕ್ಷೇತ್ರದ (ಒಬ್ಬ ಬಿಷಪ್ಪರ ಆಡಳಿತಕ್ಕೆ ಸೇರಿದ ಪ್ರದೇಶದ) ವ್ಯಾಪ್ತಿ ಬಳ್ಳಾರಿ, ವಿಜಯನಗರ, ಕೊಪ್ಪಳ, ರಾಯಚೂರುಗಳಷ್ಟು ವಿಶಾಲವಾಗಿದೆ. ದೇವಾಲಯದಿಂದ ದೂರವಿರುವ ಊರುಗಳಲ್ಲಿ ಗುರುಗಳು ದಿನವೂ ಸಿಗುವುದಿಲ್ಲ. ಅಂಥ ಊರುಗಳ ಮನೆಯವರನ್ನೇ ಮುಖ್ಯವಾಗಿ ಮನಸ್ಸಿನಲ್ಲಿಟ್ಟುಕೊಂಡಿದ್ದೇನೆ.

ಮೊದಲು ತಿಳಿಯಬೇಕಾದದ್ದು

ಕಥೋಲಿಕ ಧರ್ಮಸಭೆಯಲ್ಲಿ ಸಂಸ್ಕಾರಗಳು ಏಳು: ದೀಕ್ಷಾಸ್ನಾನ (ಬ್ಯಾಪ್ಟಿಸಂ), ದೃಢೀಕರಣ, ಪರಮ ಪ್ರಸಾದ, ಪಾಪನಿವೇದನೆ, ರೋಗಿಗಳ ಅಭ್ಯಂಗ (ಕಾಯಿಲೆಯವರಿಗೆ ಪವಿತ್ರ ತೈಲ ಹಚ್ಚುವುದು), ಯಾಜಕ ದೀಕ್ಷೆ ಮತ್ತು ವಿವಾಹ. 1547ರಲ್ಲಿ ಟ್ರೆಂಟ್ ಮಹಾಸಭೆ ಈ ಸಂಖ್ಯೆಯನ್ನು ಅಧಿಕೃತವಾಗಿ ಸಾರಿತು. ಯೇಸುಸ್ವಾಮಿಯೇ ಸ್ಥಾಪಿಸಿದ ಈ ಸಂಸ್ಕಾರಗಳಲ್ಲಿ ಕೃಪೆಯನ್ನು ಕೊಡುವವರು ಸ್ವತಃ ಅವರೇ ಎಂಬುದು ನಮ್ಮ ವಿಶ್ವಾಸ. ತೀರ್ಥ ಈ ಏಳರ ಸಾಲಿಗೆ ಸೇರಿದ್ದಲ್ಲ. ಜಪಸರ, ಬೂದಿ ಬುಧವಾರದ ಬೂದಿ, ಗರಿಗಳ ಭಾನುವಾರದ ಗರಿ, ಆಶೀರ್ವದಿಸಿದ ಮೇಣದ ಬತ್ತಿ ಇವುಗಳಂತೆ ಅದು ಧರ್ಮಸಭೆ ತನ್ನ ಪ್ರಾರ್ಥನೆಯಿಂದ ಪ್ರತ್ಯೇಕಿಸಿ ಕೊಟ್ಟ ಪವಿತ್ರ ಚಿಹ್ನೆ. ಧರ್ಮಸಭೆಯ ಪ್ರಾರ್ಥನೆ ಮತ್ತು ಬಳಸುವವರ ವಿಶ್ವಾಸ, ಇವೆರಡರ ಮೂಲಕ ಅದು ನಮ್ಮನ್ನು ಸಂಸ್ಕಾರಗಳ ಕಡೆಗೆ ಅಣಿಗೊಳಿಸುತ್ತದೆ. ಹಿರಿಯರು ಜ್ಞಾನಸ್ನಾನವೆಂದು ಕರೆಯುವ ದೀಕ್ಷಾಸ್ನಾನವನ್ನು ನೆನಪಿಸುವುದೇ ತೀರ್ಥದ ಮುಖ್ಯ ಕೆಲಸ. ಮುಂದೆ ಹೇಳುವ ಪ್ರತಿಯೊಂದು ಕ್ರಮಕ್ಕೂ ಇದೇ ಆಧಾರ. ಈ ಒಂದು ಸಂಗತಿ ಕೈತಪ್ಪಿದರೆ ತೀರ್ಥವು ತಾಯತದಂತಾಗಿ ಬಿಡುತ್ತದೆ.

ನಮ್ಮಲ್ಲಿ ಹಲವರು ಇದನ್ನು ‘ಮಂತ್ರಿಸಿದ ನೀರು’ ಎನ್ನುವುದುಂಟು. ಹೇಳುವವರ ಮನಸ್ಸಿನಲ್ಲಿ ತಪ್ಪಿಲ್ಲದಿದ್ದರೂ ನನಗೆ ಆ ಮಾತು ಒಪ್ಪಿಗೆಯಾಗುವುದಿಲ್ಲ, ಏಕೆಂದರೆ ಇಲ್ಲಿ ಮಂತ್ರವಿಲ್ಲ. ಗುರುಗಳು ದೇವರಿಗೆ ಸಲ್ಲಿಸುವ ಬಿನ್ನಹವಿದೆ. ಆ ಪ್ರಾರ್ಥನೆಯನ್ನು ಗಮನವಿಟ್ಟು ಕೇಳಿದವರಿಗೆ ಅದು ಸೃಷ್ಟಿಯ ಆದಿಯ ನೀರು, ನೋವನ ಕಾಲದ ಜಲಪ್ರಳಯ, ಇಸ್ರಯೇಲರು ದಾಟಿದ ಕೆಂಪು ಸಮುದ್ರ, ಯೊರ್ದನ್ ನದಿ, ಶಿಲುಬೆಯ ಮೇಲೆ ಯೇಸುವಿನ ಪಕ್ಕೆಯಿಂದ ಹರಿದ ರಕ್ತ ಮತ್ತು ನೀರು, ಹೀಗೆ ಒಂದೊಂದನ್ನೇ ನೆನೆಯುತ್ತ ಸಾಗುವುದು ತಿಳಿಯುತ್ತದೆ. ಪಾಸ್ಖ ಜಾಗರಣೆಯಲ್ಲಿ ಈ ಪ್ರಾರ್ಥನೆಯ ನಡುವೆ ಗುರುಗಳು ಪಾಸ್ಖ ದೀಪವನ್ನು ಒಂದು ಸಲ ಅಥವಾ ಮೂರು ಸಲ ನೀರಿಗೆ ಇಳಿಸುತ್ತಾರೆ. ಮುಂದಿನ ಸಲ ಮಕ್ಕಳನ್ನು ಮುಂದಿನ ಸಾಲಿನಲ್ಲಿ ಕೂರಿಸಿ ಅದನ್ನು ತೋರಿಸಿರಿ.

ತರುವುದು ಮತ್ತು ಇಡುವುದು

ತೀರ್ಥಕ್ಕೆ ಬೇಕಾದದ್ದು ಬರೀ ನೀರು. ನಳದ ನೀರಾಗಲಿ, ತುಂಗಭದ್ರಾ ಕಾಲುವೆಯದಾಗಲಿ, ಬೋರಿನದಾಗಲಿ, ಶುದ್ಧ ಕುಡಿಯುವ ನೀರಿನ ಘಟಕದ ಕ್ಯಾನಿನದಾಗಲಿ, ಎಲ್ಲವೂ ಸಲ್ಲುತ್ತದೆ. ಆದರೂ ಮನೆಯಿಂದ ನೀರು ಒಯ್ದು ಗುರುಗಳಿಂದ ಆಶೀರ್ವದಿಸಿಕೊಳ್ಳುವುದಾದರೆ ಘಟಕದ ನೀರನ್ನು ಅಥವಾ ಕಾಯಿಸಿ ಆರಿಸಿದ ನೀರನ್ನು ಒಯ್ಯಿರಿ. ನಮ್ಮ ಈ ಜಿಲ್ಲೆಗಳಲ್ಲಿ ಹಲವು ಕಡೆ ಬೋರಿನ ನೀರು ಗಡಸು. ಫ್ಲೋರೈಡ್ ಇರುವ ಊರುಗಳೂ ಇವೆ. ಆಶೀರ್ವಾದದಿಂದ ನೀರಿನ ಗುಣ ಬದಲಾಗುವುದಿಲ್ಲ. ಕುಡಿಯಲು ಬಾರದ ನೀರು ತೀರ್ಥವಾದ ಮೇಲೂ ಕುಡಿಯಲು ಬಾರದ ನೀರೇ.

ಹಳೆಯ ಕ್ರಮದಲ್ಲಿ ಗುರುಗಳು ಉಪ್ಪನ್ನೂ ಪ್ರತ್ಯೇಕವಾಗಿ ಆಶೀರ್ವದಿಸಿ ನೀರಿಗೆ ಬೆರೆಸುತ್ತಿದ್ದರು. ಈಗಲೂ ಭಾನುವಾರದ ತೀರ್ಥ ಪ್ರೋಕ್ಷಣೆಯ ವಿಧಿಯಲ್ಲಿ, ರೂಢಿಯಿರುವ ಕಡೆ, ಉಪ್ಪು ಬೆರೆಸಲು ಅವಕಾಶವಿದೆ. ಎಲಿಷ ಪ್ರವಾದಿ ಯೆರಿಕೋ ಪಟ್ಟಣದ ಕೆಟ್ಟ ನೀರಿಗೆ ಉಪ್ಪು ಹಾಕಿ ಸರಿಪಡಿಸಿದ ಪ್ರಸಂಗ ಇದರ ಹಿನ್ನೆಲೆ. ಆದರೆ ಇದು ಗುರುಗಳು ಪ್ರಾರ್ಥನೆಯೊಡನೆ ಮಾಡುವ ಕಾರ್ಯ. ತೀರ್ಥಕ್ಕೆ ಬಲ ಬರಲೆಂದು ಮನೆಯಲ್ಲಿ ಅಡುಗೆ ಉಪ್ಪು ಬೆರೆಸುವುದು ಸರಿಯಲ್ಲ.

ಪಾತ್ರೆಯ ವಿಷಯದಲ್ಲಿ ನಾನು ಸ್ವಲ್ಪ ಕಟ್ಟುನಿಟ್ಟು. ಒಂದು ಬೇಸಿಗೆಯಲ್ಲಿ ಪರಿಚಯದ ಮನೆಯೊಂದಕ್ಕೆ ಜಪಸರ ಪ್ರಾರ್ಥನೆಗೆ ಹೋಗಿದ್ದಾಗ, ಕಿಟಕಿಯ ಕಟ್ಟೆಯ ಮೇಲೆ ಬಿಸಿಲಿಗೆ ಇಟ್ಟಿದ್ದ ಪ್ಲಾಸ್ಟಿಕ್ ಬಾಟಲಿಯನ್ನು ಮನೆಯಾಕೆ ಭಕ್ತಿಯಿಂದ ತಂದು ಕೊಟ್ಟರು. ಬಾಟಲಿಯ ಒಳಮೈಗೆ ಹಸಿರು ಪಾಚಿ ಕಟ್ಟಿತ್ತು, ಮುಚ್ಚಳ ತೆಗೆದರೆ ಹಳಸಿದ ವಾಸನೆ ಬಂತು. ಆ ನೀರನ್ನೇ ಅವರು ಜ್ವರ ಬಂದ ಮಗುವಿಗೆ ಎರಡು ಚಮಚ ಕುಡಿಸಿದ್ದರು. ಮಗುವಿಗೆ ಏನೂ ಆಗಲಿಲ್ಲ ಎಂಬುದೇ ಸಮಾಧಾನ. ಆದ್ದರಿಂದ ಹೇಳುತ್ತೇನೆ: ಗಾಜಿನ ಅಥವಾ ಸ್ಟೀಲಿನ ಚಿಕ್ಕ ಸೀಸೆಯನ್ನು ಬಿಸಿನೀರಿನಲ್ಲಿ ತೊಳೆದು, ಪೂರ್ತಿ ಒಣಗಿಸಿ, ಅದರಲ್ಲಿ ತೀರ್ಥ ತನ್ನಿರಿ, ಬಿಸಿಲು ಬೀಳದ ಕಡೆ ಇಡಿರಿ, ಸೀಸೆಯ ಮೇಲೆ ‘ತೀರ್ಥ’ ಎಂದೂ ತಂದ ದಿನಾಂಕವನ್ನೂ ಬರೆದು ಅಂಟಿಸಿರಿ. ಸೀಮೆಎಣ್ಣೆ, ಫಿನಾಯಿಲ್, ಹೊಲಕ್ಕೆ ಹೊಡೆಯುವ ಔಷಧ ಇವುಗಳನ್ನು ಹಾಕಿಟ್ಟಿದ್ದ ಬಾಟಲಿಯನ್ನು ಎಷ್ಟೇ ತೊಳೆದಿದ್ದರೂ ಬಳಸಬೇಡಿರಿ. ತೀರ್ಥಕ್ಕೆ ಅವಧಿಯೆಂಬುದಿಲ್ಲ, ಆದರೆ ನೀರಿಗೆ ಇದೆ. ನಮ್ಮ ಸೀಮೆಯ ಸೆಕೆಯಲ್ಲಿ ತಿಂಗಳಿಗೊಮ್ಮೆ ಹೊಸದು ತರುವುದು ಒಳ್ಳೆಯದು. ಆದ್ದರಿಂದ ಕ್ಯಾನು ತುಂಬಿ ಒಯ್ಯುವ ಅಗತ್ಯವೇ ಇಲ್ಲ. ಒಂದು ಮನೆಗೆ ನೂರು ಮಿಲಿಲೀಟರ್ ಧಾರಾಳವಾಗಿ ಸಾಕು.

ಬಾಗಿಲ ಪಕ್ಕದ ಗೂಡಿನಲ್ಲಿ ಬಟ್ಟಲಿಟ್ಟು ತೀರ್ಥ ಹಾಕಿಡುವ ಮನೆಗಳೂ ಇವೆ. ಏಪ್ರಿಲ್, ಮೇ ತಿಂಗಳಲ್ಲಿ ಬೆಳಿಗ್ಗೆ ಹಾಕಿದ್ದು ಸಂಜೆಯೊಳಗೆ ಬತ್ತಿಹೋಗುತ್ತದೆ, ಜೊತೆಗೆ ಮೇಲೆಲ್ಲ ಧೂಳು ಕೂಡುತ್ತದೆ. ನಮ್ಮ ತಾಯಿ ಬಟ್ಟಲಿನ ತಳಕ್ಕೆ ಹಿಡಿಯಷ್ಟು ಶುಭ್ರವಾದ ಹತ್ತಿ ಇಟ್ಟು, ಅದು ನೆನೆಯುವಷ್ಟು ಮಾತ್ರ ತೀರ್ಥ ಹಾಕುತ್ತಿದ್ದರು; ಬೆರಳು ಒತ್ತಿದರೆ ತೇವ ಬರುತ್ತಿತ್ತು, ಮಕ್ಕಳ ಕೈಯಿಂದ ಚೆಲ್ಲುತ್ತಿರಲಿಲ್ಲ. ಪ್ರತಿ ಶನಿವಾರ ಸಂಜೆ ಆ ಹತ್ತಿಯನ್ನು ತೆಗೆದು ಸುಟ್ಟು, ಬಟ್ಟಲನ್ನು ಹುಣಸೆಹಣ್ಣಿನಿಂದ ತಿಕ್ಕಿ ಬೆಳಗುವುದು ಅವರ ಪದ್ಧತಿ. ಇದಕ್ಕಿಂತ ಉತ್ತಮವಾದ ಕ್ರಮವನ್ನು ನಾನು ಇನ್ನೂ ಕಂಡಿಲ್ಲ.

ದಿನನಿತ್ಯದ ಬಳಕೆ

ದೇವಾಲಯ ಪ್ರವೇಶಿಸುವಾಗ ಬಲಗೈಯ ಬೆರಳ ತುದಿಗಳನ್ನು ತೀರ್ಥದಲ್ಲಿ ಅದ್ದಿ, ಹಣೆ, ಎದೆ, ಎಡಭುಜ, ಬಲಭುಜ ಹೀಗೆ ಕ್ರಮವಾಗಿ ಮುಟ್ಟುತ್ತ, ಪಿತನ ಮತ್ತು ಸುತನ ಮತ್ತು ಪವಿತ್ರಾತ್ಮರ ನಾಮದಲ್ಲಿ ಎಂದು ನಿಧಾನವಾಗಿ ಹೇಳಿರಿ. ನೊಣ ಓಡಿಸಿದಂತೆ ಕೈ ಆಡಿಸಿ ಒಳಗೆ ನುಗ್ಗುವುದು ಈಗ ಸಾಮಾನ್ಯವಾಗಿದೆ. ದೊಡ್ಡವರು ಹಾಗೆ ಮಾಡಿದರೆ ಮಕ್ಕಳು ಅದನ್ನೇ ಕಲಿಯುತ್ತಾರೆ. ನಿಮಗೆ ದೀಕ್ಷಾಸ್ನಾನವಾದದ್ದು ಇದೇ ಮಾತುಗಳಿಂದ, ಇಂಥದೇ ನೀರಿನಿಂದ. ಅದನ್ನು ನೆನೆಯಲು ಬೇಕಾದದ್ದು ಮೂರು ಉಸಿರಿನಷ್ಟು ಸಮಯ.

ಈಸ್ಟರಿಗೆ ಮುನ್ನ ಬರುವ ತಪಸ್ಸುಕಾಲ ಪೂರ್ತಿ ತೀರ್ಥದ ಪಾತ್ರೆಗಳನ್ನು ಬರಿದು ಮಾಡಿ ಮರಳು ತುಂಬುವ ರೂಢಿ ಕೆಲವು ದೇಶಗಳಲ್ಲಿ ಹಬ್ಬಿತ್ತು. ಅದು ಸರಿಯಲ್ಲವೆಂದು 2000ದಲ್ಲಿ ರೋಮಿನ ದೈವಾರಾಧನೆಯ ವಿಭಾಗ ತಿಳಿಸಿದೆ. ಪವಿತ್ರ ಗುರುವಾರದ ನಂತರ ಪಾಸ್ಖ ಜಾಗರಣೆಯವರೆಗೆ ಮಾತ್ರ ಪಾತ್ರೆಗಳು ಬರಿದಾಗಿರುತ್ತವೆ.

ಮನೆಯಲ್ಲಿ ತಂದೆ ತಾಯಿ ತಮ್ಮ ಮಕ್ಕಳ ಹಣೆಯ ಮೇಲೆ ತೀರ್ಥದಿಂದ ಶಿಲುಬೆ ಗುರುತು ಹಾಕಬಹುದೇ ಎಂದು ಸಂಕೋಚದಿಂದ ಕೇಳುವವರಿದ್ದಾರೆ. ಖಂಡಿತ ಹಾಕಬಹುದು, ಹಾಕಲೇಬೇಕು ಎನ್ನುವಷ್ಟು ಈ ರೂಢಿ ನನಗೆ ಪ್ರಿಯ. ಮಲಗುವ ಮುನ್ನ, ಪರೀಕ್ಷೆಗೆ ಹೋಗುವಾಗ, ಮಗ ದುಡಿಯಲು ಬೆಂಗಳೂರಿನ ಬಸ್ಸು ಹತ್ತುವ ರಾತ್ರಿ, ಹೆಬ್ಬೆರಳಿನಿಂದ ಹಣೆಗೆ ಒಂದು ಚಿಕ್ಕ ಶಿಲುಬೆ ಬರೆದು ‘ದೇವರು ನಿನ್ನನ್ನು ಕಾಯಲಿ’ ಎಂದರೆ ಸಾಕು. ಹೊಸ ಮನೆ, ಅಂಗಡಿ, ಟ್ರ್ಯಾಕ್ಟರುಗಳ ಆಶೀರ್ವಾದಕ್ಕೆ ಗುರುಗಳನ್ನು ಕರೆಯುವುದು ಕ್ರಮ. ಅವರು ಬರುವ ದಿನ ಟಿವಿ ಆರಿಸಿ, ಮನೆಯವರೆಲ್ಲ ಕೂಡಿ ನಿಂತು, ಬೈಬಲ್ ವಾಚನವನ್ನು ಮನೆಯವರೇ ಓದಿರಿ. ಪ್ರೋಕ್ಷಣೆಯಷ್ಟೇ ಬೇಕು, ಓದು ಬೇಡವೆನ್ನುವುದು ಅರ್ಥವಿಲ್ಲದ ಆತುರ.

ಸಂತ ಅಂತೋಣಿಯವರ ಮಂಗಳವಾರದ ಪ್ರಾರ್ಥನೆಗೆ ನೆರೆಹೊರೆಯ ಹಿಂದೂ, ಮುಸ್ಲಿಂ ಮನೆಗಳವರೂ ಬರುತ್ತಾರೆ. ಗುಡಿಯ ರೂಢಿಯಂತೆ ಬಲ ಅಂಗೈಯನ್ನು ಗುಳಿ ಮಾಡಿ ‘ತೀರ್ಥ ಕೊಡ್ರಿ’ ಎಂದು ಕೇಳುವವರನ್ನು ಗದರಬೇಡಿರಿ. ಆಶೀರ್ವಾದವನ್ನು ಕಥೋಲಿಕರಲ್ಲದವರಿಗೂ ಕೊಡಬಹುದೆಂದು ಧರ್ಮಸಭೆಯ ಕಾನೂನೇ ಹೇಳುತ್ತದೆ. ನಮ್ಮಲ್ಲಿ ಇದನ್ನು ಸಾಮಾನ್ಯವಾಗಿ ಕುಡಿಯುವುದಿಲ್ಲ, ಹಣೆಗೆ ಹಚ್ಚಿಕೊಳ್ಳುತ್ತೇವೆ ಎಂದು ಸೌಮ್ಯವಾಗಿ ತಿಳಿಸಿ, ಪ್ರೋಕ್ಷಣೆಗೆ ಗುರುಗಳ ಬಳಿ ಕಳಿಸಿರಿ. ಪರಮ ಪ್ರಸಾದದ ವಿಷಯ ಮಾತ್ರ ಬೇರೆ. ಅದು ಹಂಚುವ ಪ್ರಸಾದವಲ್ಲ, ಕ್ರಿಸ್ತರ ಶರೀರ. ದೀಕ್ಷಾಸ್ನಾನ ಪಡೆದು ಸಿದ್ಧರಾದವರಿಗೆ ಮಾತ್ರ ಅದನ್ನು ಕೊಡುತ್ತಾರೆ ಎಂಬುದನ್ನು ಸಾಲಿನಲ್ಲಿ ನಿಲ್ಲುವ ಮುನ್ನವೇ ವಿವರಿಸಿದರೆ ಯಾರಿಗೂ ಮುಜುಗರವಾಗುವುದಿಲ್ಲ.

ಕಾಯಿಲೆಯವರಿರುವ ಮನೆಯಲ್ಲಿ

ಇಲ್ಲಿ ಮೊದಲು ಎಚ್ಚರಿಕೆಯ ಮಾತು. ಹಾವು ಕಚ್ಚಿದರೆ, ಚೇಳು ಕುಟುಕಿದರೆ, ಎದೆನೋವು ಬಂದರೆ ಮೊದಲು 108ಕ್ಕೆ ಕರೆ ಮಾಡಿ ಆಸ್ಪತ್ರೆಗೆ ಸೇರಿಸಿರಿ. ದಾರಿಯಲ್ಲಿ ಪ್ರಾರ್ಥನೆ ಮಾಡಿರಿ. ತೀರ್ಥ ಔಷಧವಲ್ಲ. ನಮ್ಮ ಓಣಿಯ ಹಿರಿಯರೊಬ್ಬರು ಎಲ್ಲೋ ನಡೆದ ಪ್ರಾರ್ಥನಾ ಕೂಟದಲ್ಲಿ ಹಣ ಕೊಟ್ಟು ನೀರಿನ ಬಾಟಲಿ ತಂದು, ಅದರ ಮೇಲೆ ಭರವಸೆಯಿಟ್ಟು, ಸಕ್ಕರೆ ಕಾಯಿಲೆಯ ಮಾತ್ರೆ ನಿಲ್ಲಿಸಿದರು. ಮೂರು ವಾರದಲ್ಲಿ ಕಾಲಿನ ಗಾಯ ಕೊಳೆಯತೊಡಗಿತು. ಅವರ ಹಾಸಿಗೆಯ ಪಕ್ಕ ಕುಳಿತು, ಮಾತ್ರೆ ನುಂಗುವುದು ಅವಿಶ್ವಾಸವಲ್ಲವೆಂದು ಒಪ್ಪಿಸಲು ನನಗೆ ಎರಡು ಸಂಜೆ ಬೇಕಾಯಿತು. ತೀರ್ಥಕ್ಕೆ ಬೆಲೆ ಕಟ್ಟುವವರನ್ನು ಎಂದಿಗೂ ನಂಬಬೇಡಿರಿ. ದೇವರ ವರವನ್ನು ಹಣಕ್ಕೆ ಕೊಳ್ಳಬಯಸಿದ ಸಿಮೋನನಿಗೆ ಪೇತ್ರರು ಕೊಟ್ಟ ಉತ್ತರ ಬೈಬಲಿನ ಪ್ರೇಷಿತರ ಕಾರ್ಯಕಲಾಪಗಳ ಎಂಟನೆಯ ಅಧ್ಯಾಯದಲ್ಲಿದೆ.

ಕಾಯಿಲೆಯವರಿಗೆ ಧರ್ಮಸಭೆ ಇಟ್ಟಿರುವುದು ಒಂದು ಸಂಸ್ಕಾರವನ್ನೇ. ಆದರೆ ಅಭ್ಯಂಗಕ್ಕೆ ಗುರುಗಳನ್ನು ಕರೆದರೆ ರೋಗಿ ಉಳಿಯುವುದಿಲ್ಲವೆಂಬ ಭಯದಿಂದ, ಮಾತು ನಿಂತು ಉಸಿರು ಏದುವವರೆಗೆ ಕಾಯುವ ಮನೆಗಳು ಇನ್ನೂ ಇವೆ. ಇದು ದೊಡ್ಡ ನಷ್ಟ. ಅಭ್ಯಂಗವಿರುವುದು ಕೊನೆಯುಸಿರಿನವರಿಗೆ ಮಾತ್ರವಲ್ಲ. ಗಂಭೀರ ಕಾಯಿಲೆಯವರು, ದೊಡ್ಡ ಶಸ್ತ್ರಚಿಕಿತ್ಸೆಗೆ ಹೋಗುವವರು, ಮುಪ್ಪಿನಿಂದ ತೀರ ಸೊರಗಿದವರು ಇದನ್ನು ಪಡೆಯಬಹುದು, ಕಾಯಿಲೆ ಹೆಚ್ಚಾದರೆ ಮತ್ತೆ ಪಡೆಯಬಹುದು. ರೋಗಿ ಎಚ್ಚರದಲ್ಲಿದ್ದು ಪಾಪನಿವೇದನೆ ಮಾಡಿ, ಪರಮ ಪ್ರಸಾದ ಸ್ವೀಕರಿಸುವ ಸ್ಥಿತಿಯಲ್ಲಿರುವಾಗಲೇ ಕರೆಯಿರಿ.

ಗುರುಗಳು ಬರುವ ಮುನ್ನ ಹಾಸಿಗೆಯ ಪಕ್ಕ ಚಿಕ್ಕ ಮೇಜಿಟ್ಟು, ಒಗೆದ ಬಿಳಿ ಬಟ್ಟೆ ಹಾಸಿ, ನಡುವೆ ಶಿಲುಬೆ, ಎರಡು ಮೇಣದ ಬತ್ತಿ, ಚಿಕ್ಕ ಬಟ್ಟಲಿನಲ್ಲಿ ತೀರ್ಥ, ರೋಗಿಗೆ ಗುಟುಕಿಸಲು ಒಂದು ಲೋಟ ಕುಡಿಯುವ ನೀರು, ಎಣ್ಣೆ ಒರೆಸಲು ಸ್ವಲ್ಪ ಹತ್ತಿ ಇಡಿರಿ. ಆಮ್ಲಜನಕದ ಸಿಲಿಂಡರ್ ಇದ್ದರೆ ಬತ್ತಿ ಹಚ್ಚಲೇಬೇಡಿರಿ. ಮೊದಲು ಗುರುಗಳು ತೀರ್ಥ ಪ್ರೋಕ್ಷಿಸುತ್ತಾರೆ, ಬಳಿಕ ರೋಗಿಗಳ ತೈಲವನ್ನು ಹಣೆಗೂ ಎರಡೂ ಅಂಗೈಗಳಿಗೂ ಹಚ್ಚುತ್ತಾರೆ. ಈ ತೈಲವನ್ನು ಪವಿತ್ರ ವಾರದ ಹೊತ್ತಿಗೆ ನಡೆಯುವ ತೈಲಗಳ ಬಲಿಪೂಜೆಯಲ್ಲಿ ಧರ್ಮಾಧ್ಯಕ್ಷರು (ಬಿಷಪ್ಪರು) ಆಶೀರ್ವದಿಸಿರುತ್ತಾರೆ. ತೀರ್ಥವನ್ನು ಮನೆಯವರು ಯಾವಾಗ ಬೇಕಾದರೂ ರೋಗಿಯ ಹಣೆಗೆ ಹಚ್ಚಬಹುದು; ಅಭ್ಯಂಗವನ್ನು ಮಾತ್ರ ಗುರುಗಳು ಅಥವಾ ಧರ್ಮಾಧ್ಯಕ್ಷರ ಹೊರತು ಬೇರೆ ಯಾರೂ ಕೊಡುವಂತಿಲ್ಲ.

ತುರ್ತು ದೀಕ್ಷಾಸ್ನಾನ

ಈ ಬರಹದ ಅತ್ಯಂತ ಮುಖ್ಯ ಭಾಗ ಇದೇ ಎಂದು ನಾನು ತಿಳಿದಿದ್ದೇನೆ. ದಿನ ತುಂಬದೆ ಹುಟ್ಟಿದ ಮಗು ಉಳಿಯುವುದು ಅನುಮಾನವೆಂದು ವೈದ್ಯರು ಹೇಳಿದಾಗ, ಗುರುಗಳು ನೂರು ಕಿಲೋಮೀಟರ್ ದೂರದಲ್ಲಿರುವಾಗ, ಸರಿಯಾದ ಉದ್ದೇಶವುಳ್ಳ ಯಾರೇ ಆಗಲಿ ದೀಕ್ಷಾಸ್ನಾನ ಕೊಡಬಹುದು. ತಂದೆ, ಅಜ್ಜಿ, ನರ್ಸು, ಅಷ್ಟೇ ಏಕೆ, ಸ್ವತಃ ದೀಕ್ಷಾಸ್ನಾನವಾಗದವರೂ ಧರ್ಮಸಭೆ ಮಾಡುವುದನ್ನು ಮಾಡುವ ಉದ್ದೇಶದಿಂದ ಕೊಟ್ಟರೆ ಅದು ಸಿಂಧು. ಇದಕ್ಕೆ ತೀರ್ಥವೇ ಬೇಕೆಂಬ ನಿಯಮವಿಲ್ಲ, ಸಾಮಾನ್ಯ ನೀರು ಸಾಕು. ಹಾಲು, ಎಳನೀರು, ಎಣ್ಣೆ ಸಲ್ಲುವುದಿಲ್ಲ. ತೀರ್ಥದ ಸೀಸೆ ಮನೆಯಲ್ಲಿ ಉಳಿಯಿತೆಂದು ಅಳುತ್ತ ಅದನ್ನು ತರಲು ಓಡಿದವರ ಕಥೆ ಕೇಳಿದ್ದೇನೆ. ಹಾಗೆ ಓಡಬೇಡಿರಿ, ಇದ್ದ ನೀರಿನಿಂದಲೇ ಕೊಡಿರಿ.

ಕ್ರಮ ಹೀಗಿದೆ. ತಂದೆತಾಯಿಯ ಇಚ್ಛೆ ಕೇಳಿ, ನರ್ಸಿನ ಅನುಮತಿ ಪಡೆದು, ಕೈ ತೊಳೆದು, ಅವರೇ ಕೊಡುವ ಶುದ್ಧೀಕರಿಸಿದ ನೀರನ್ನು ತೆಗೆದುಕೊಳ್ಳಿರಿ. ಇನ್‌ಕ್ಯುಬೇಟರ್ ಪೆಟ್ಟಿಗೆಯಲ್ಲಿರುವ ಮಗುವಿಗೆ ಸೂಜಿಯಿಲ್ಲದ ಸಿರಿಂಜಿನಿಂದ ಕೆಲವು ಹನಿ ಹಾಕಿದರೆ ಸಾಕು, ಆದರೆ ಆ ಹನಿ ತಲೆಯ ಚರ್ಮದ ಮೇಲೆ ಹರಿಯಬೇಕು. ಮಗುವಿನ ಹೆಸರು ಹಿಡಿದು, ‘ಪಿತನ ಮತ್ತು ಸುತನ ಮತ್ತು ಪವಿತ್ರಾತ್ಮರ ನಾಮದಲ್ಲಿ ನಾನು ನಿನಗೆ ದೀಕ್ಷಾಸ್ನಾನ ಕೊಡುತ್ತೇನೆ’ ಎಂದು ಹೇಳುತ್ತ, ಒಂದೊಂದು ನಾಮಕ್ಕೆ ಒಂದೊಂದು ಸಲದಂತೆ ಮೂರು ಸಲ ನೀರು ಹಾಕಿರಿ. ಮಾತು ಮತ್ತು ನೀರು ಒಟ್ಟಿಗೆ ನಡೆಯಬೇಕು, ಎರಡೂ ಒಬ್ಬರಿಂದಲೇ ಆಗಬೇಕು. ‘ನಾನು’ ಎಂಬಲ್ಲಿ ‘ನಾವು’ ಎನ್ನಬಾರದು. ‘ನಾವು’ ಎಂದು ಕೊಟ್ಟ ದೀಕ್ಷಾಸ್ನಾನ ಸಿಂಧುವಲ್ಲವೆಂದು ರೋಮ್ 2020ರಲ್ಲಿ ಸ್ಪಷ್ಟವಾಗಿ ಹೇಳಿದೆ. ಕುಟುಂಬವೆಲ್ಲ ಸುತ್ತ ನಿಂತಿರುವಾಗ ಬಾಯಿಗೆ ‘ನಾವು’ ಬರುವುದು ಸಹಜ, ಆದ್ದರಿಂದ ಒಮ್ಮೆ ಮನಸ್ಸಿನಲ್ಲಿ ಹೇಳಿಕೊಂಡು ಆರಂಭಿಸಿರಿ.

ಆಮೇಲೆ ದಿನಾಂಕ, ಸಮಯ, ಕೊಟ್ಟವರ ಹೆಸರು, ಸಾಕ್ಷಿಯ ಹೆಸರುಗಳನ್ನು ಒಂದು ಚೀಟಿಯಲ್ಲಿ ಬರೆದಿಟ್ಟು, ಆದಷ್ಟು ಬೇಗ ಧರ್ಮಕೇಂದ್ರಕ್ಕೆ ತಿಳಿಸಿ ದಾಖಲೆ ಪುಸ್ತಕದಲ್ಲಿ ಬರೆಸಿರಿ. ಮಗು ಉಳಿದು ಮನೆಗೆ ಬಂದರೆ ದೀಕ್ಷಾಸ್ನಾನವನ್ನು ಇನ್ನೊಮ್ಮೆ ಕೊಡುವುದಿಲ್ಲ. ತೈಲಾಭ್ಯಂಗ, ಬಿಳಿ ವಸ್ತ್ರ, ದೀಪ ಇತ್ಯಾದಿ ಉಳಿದ ವಿಧಿಗಳನ್ನು ಮಾತ್ರ ದೇವಾಲಯದಲ್ಲಿ ಪೂರೈಸುತ್ತಾರೆ. ಅಪಾಯವಿಲ್ಲದ ಆರೋಗ್ಯವಂತ ಮಗುವಿಗೆ ಮನೆಯಲ್ಲೇ ಹೀಗೆ ಕೊಡುವುದು ಸಲ್ಲದು. ಅಂಥ ಮಗುವನ್ನು ಹುಟ್ಟಿದ ಮೊದಲ ಕೆಲವು ವಾರಗಳಲ್ಲಿ ದೇವಾಲಯಕ್ಕೆ ತರಬೇಕು. ಜ್ಞಾನಪಿತೃ, ಜ್ಞಾನಮಾತೃ (ದೀಕ್ಷಾಸ್ನಾನದಲ್ಲಿ ಮಗುವಿನ ಹೊಣೆ ಹೊರುವವರು) ಆಗುವವರು ಸಾಮಾನ್ಯವಾಗಿ 16 ವರ್ಷ ತುಂಬಿದ, ದೃಢೀಕರಣ ಪಡೆದ ಕಥೋಲಿಕರಾಗಿರಬೇಕು. ಉಡುಗೊರೆಯ ಲೆಕ್ಕ ನೋಡಿ ಅವರನ್ನು ಆರಿಸಬೇಡಿರಿ.

ಬೇರೆ ಸಭೆಗಳ ನೆಂಟರಿದ್ದರೆ

ಮುದಗಲ್ಲಿನ ಕಥೋಲಿಕ ಸಮುದಾಯ ಆದಿಲ್‌ಶಾಹಿ ಕಾಲದಷ್ಟು ಹಳೆಯದು. ಬಳ್ಳಾರಿಗೆ 1810ರಲ್ಲಿ ಲಂಡನ್ ಮಿಷನ್ನಿನ ಜಾನ್ ಹ್ಯಾಂಡ್ಸ್ ಬಂದು ಕನ್ನಡ ಬೈಬಲಿನ ಅನುವಾದಕ್ಕೆ ತೊಡಗಿದರು. ಹೀಗಾಗಿ ಒಂದೇ ಮನೆತನದಲ್ಲಿ ಕಥೋಲಿಕರೂ ಸಿಎಸ್‌ಐ (ದಕ್ಷಿಣ ಭಾರತ ಸಭೆ), ಮೆಥಡಿಸ್ಟ್ ಸಭೆಗಳವರೂ ಇರುವುದು ನಮ್ಮಲ್ಲಿ ಅಪರೂಪವಲ್ಲ. 1947ರಲ್ಲಿ ರೂಪುಗೊಂಡ ದಕ್ಷಿಣ ಭಾರತ ಸಭೆಯೂ ಮೆಥಡಿಸ್ಟರೂ ದೀಕ್ಷಾಸ್ನಾನ ಮತ್ತು ಕರ್ತನ ಭೋಜನ ಎಂಬ ಎರಡು ಸಂಸ್ಕಾರಗಳನ್ನು ಆಚರಿಸುತ್ತಾರೆ; ಮನೆಯಲ್ಲಿ ತೀರ್ಥವಿಡುವ ಪದ್ಧತಿ ಅವರಲ್ಲಿಲ್ಲ. ಅವರ ಮನೆಯಲ್ಲಿ ಕೇಳದೆ ಪ್ರೋಕ್ಷಿಸುವುದು ಅಗೌರವ. ನೀರು ಹಾಕಿ, ತ್ರಿಯೇಕ ದೇವರ ನಾಮದಲ್ಲಿ ಸರಿಯಾಗಿ ಕೊಟ್ಟ ಅವರ ದೀಕ್ಷಾಸ್ನಾನವನ್ನು ಕಥೋಲಿಕ ಧರ್ಮಸಭೆ ಮಾನ್ಯ ಮಾಡುತ್ತದೆ, ಆದ್ದರಿಂದ ಮದುವೆಯ ಮಾತುಕತೆಯಲ್ಲಿ ‘ಮತ್ತೊಮ್ಮೆ ಸ್ನಾನ ಕೊಡಿಸಬೇಕು’ ಎಂದು ಹೇಳಿ ಮನಸ್ಸು ನೋಯಿಸಬೇಡಿರಿ. ಆರ್ಥಡಾಕ್ಸ್ ಕ್ರೈಸ್ತರಲ್ಲಿ ಪ್ರಭುವಿನ ದೀಕ್ಷಾಸ್ನಾನದ ಹಬ್ಬದಂದು ಬಹಳ ವೈಭವದಿಂದ ನೀರನ್ನು ಆಶೀರ್ವದಿಸುತ್ತಾರೆ. ಅವರಲ್ಲಿ ಆ ನೀರನ್ನು ಭಕ್ತಿಯಿಂದ ಕುಡಿಯುವ ರೂಢಿಯೂ ಇದೆ.

ಸಾವಿನ ಮನೆ, ಸಮಾಧಿ

ಶವದ ಪೆಟ್ಟಿಗೆಯ ಮೇಲೂ ಸಮಾಧಿಯ ಮೇಲೂ ತೀರ್ಥ ಪ್ರೋಕ್ಷಿಸುವುದು, ಆ ವ್ಯಕ್ತಿ ದೀಕ್ಷಾಸ್ನಾನದಲ್ಲಿ ಪಡೆದ ಜೀವವನ್ನು ನೆನೆದು. ಗುರುಗಳ ನಂತರ ಮನೆಯವರೂ ಒಬ್ಬೊಬ್ಬರಾಗಿ ಪ್ರೋಕ್ಷಿಸಬಹುದು. ಮಕ್ಕಳನ್ನು ದೂರ ಸರಿಸದೆ ಅವರ ಕೈ ಹಿಡಿದು ಮಾಡಿಸಿರಿ. ನವೆಂಬರ್ 2ರಂದು ಮೃತರ ಸ್ಮರಣೆಗೆ ಹೋಗುವಾಗ ಹೂವು, ಬತ್ತಿಗಳ ಜೊತೆ ತೀರ್ಥದ ಸೀಸೆಯನ್ನೂ ಒಯ್ಯಿರಿ, ಹಿಂದಿನ ದಿನವೇ ಸಮಾಧಿಯ ಮೇಲಿನ ಜಾಲಿ ಕಂಟಿ ಕಡಿದು, ಧೂಳು ತೊಳೆದಿಡಿರಿ.

ಹಳೆಯ ತೀರ್ಥ

ಬಣ್ಣ ಕೆಟ್ಟ, ವಾಸನೆ ಬಂದ ತೀರ್ಥವನ್ನು ಬಚ್ಚಲಿಗೆ, ಗಟಾರಕ್ಕೆ ಚೆಲ್ಲಬಾರದು, ಮಣ್ಣಿಗೆ ಸೇರಿಸಬೇಕು. ಅಂಗಳದ ತುಳಿದಾಟವಿಲ್ಲದ ಮೂಲೆಯಲ್ಲೋ, ಬೇವಿನ ಮರದ ಬುಡದಲ್ಲೋ ಸುರಿಯಿರಿ. ಎರಡನೆಯ ಮಹಡಿಯ ಬಾಡಿಗೆ ಮನೆಯವರು ಹೂವಿನ ಕುಂಡಕ್ಕೆ ಹಾಕಬಹುದು. ಸೀಸೆಯನ್ನು ಮೊದಲ ಸಲ ತೊಳೆದ ನೀರೂ ಅಲ್ಲಿಗೇ ಹೋಗಲಿ. ಮುರಿದ ಜಪಸರ, ಒಣಗಿದ ಗರಿ, ಹರಿದ ಪ್ರಾರ್ಥನಾ ಪುಸ್ತಕಗಳನ್ನು ಕಸದ ಗಾಡಿಗೆ ಹಾಕದೆ ಸುಟ್ಟು ಬೂದಿಯನ್ನು ಹೂಳಿರಿ ಅಥವಾ ಹಾಗೆಯೇ ಹೂಳಿರಿ. ಗರಿಗಳನ್ನು ತಪಸ್ಸುಕಾಲಕ್ಕೆ ಮುನ್ನ ದೇವಾಲಯಕ್ಕೆ ತಂದು ಕೊಟ್ಟರೆ ಬೂದಿ ಬುಧವಾರದ ಬೂದಿಗೆ ಅವೇ ಬಳಕೆಯಾಗುತ್ತವೆ. ಸೀಸೆ ಬಿಸಿಲಿಗೆ ಒಣಗಿದ ಮೇಲೆ ಭಾನುವಾರ ಚೀಲಕ್ಕೆ ಹಾಕಿಕೊಂಡು ಬನ್ನಿರಿ, ಬಲಿಪೂಜೆಯ ನಂತರ ಡ್ರಮ್ಮಿನ ಬಳಿ ನಾನಿರುತ್ತೇನೆ.